ಹುಲಿಬೇಟೆಯ ರೀಲಿನಲ್ಲಿ ಒಂದು ತಪ್ಪು ಪದ

ಡಬ್ಲಿನ್ ಪಕ್ಕದ ಸ್ವೋರ್ಡ್ಸ್ ಊರಿನ ಶಾಲೆಯೊಂದರ ಸಭಾಂಗಣದಲ್ಲಿ ನಮ್ಮ ಕನ್ನಡದವರು ಸೇರಿ ಊಟ ಮಾಡುವ ದಿನ, ಹೊಸಬರು ಯಾರಾದರೂ ಪಕ್ಕದಲ್ಲಿ ಕೂತರೆ ಮೊದಲ ಪ್ರಶ್ನೆ ಒಂದೇ: "ಸರ್, ನೀವು ಯಾವ ಕಂಪನಿ?" "ಕಂಪನಿ ಏನಿಲ್ಲಪ್ಪ, ಹಳೇ ಫಿಲ್ಮ್ ರೀಲು ಒರೆಸೋ ಕೆಲಸ ಮಾಡ್ತಿದ್ದೆ, ಈಗ ರಿಟೈರ್ಡ್" ಎಂದರೆ ಅವರ ಮುಖದಲ್ಲಿ ಅಯ್ಯೋ ಪಾಪ ಎನ್ನುವ ಕಳೆ ಬರುತ್ತದೆ. ಆಮೇಲೆ ಮಾತು ಬಾಡಿಗೆ ಮನೆ ಸಿಗದ ಕಷ್ಟಕ್ಕೋ ಬಿಸಿಬೇಳೆಬಾತಿಗೋ ತಿರುಗುತ್ತದೆ. ಈ ಸಲ ಮಾತ್ರ ಒಬ್ಬ ಹುಡುಗಿ ಹಾಗೆ ಬಿಡಲಿಲ್ಲ. ಅವಳು ಇದೇ ಕೆಲಸಕ್ಕೆ ಓದುತ್ತಿದ್ದಾಳಂತೆ. "ಅಂಕಲ್, ಪುಸ್ತಕದಲ್ಲಿ ಇರೋದು ಬೇಡ. ನಿಜವಾಗ್ಲೂ ಹೇಗಿರುತ್ತೆ ಹೇಳಿ" ಎಂದಳು. ಆ ಗದ್ದಲದಲ್ಲಿ ಹೇಳುವಂಥದ್ದಲ್ಲ ಎಂದು ಬರೆದುಕೊಡುತ್ತೇನೆ ಅಂದೆ.

ನಿಜವಾಗಿ ಹೇಗಿರುತ್ತದೆ ಎಂದರೆ, ಒಂಟಿಯಾಗಿರುತ್ತದೆ. ಕಿಟಕಿ ಇಲ್ಲದ, ಸದಾ ತಣ್ಣಗಿರುವ ಒಂದು ಕೋಣೆ. ಒಂದು ಬೆಂಚು, ಎರಡು ಬದಿಗೆ ಕೈಯಲ್ಲಿ ತಿರುಗಿಸುವ ಎರಡು ಚಕ್ರ, ನಡುವೆ ಬೆಳಕಿನ ಗಾಜು, ಒಂದು ಭೂತಗನ್ನಡಿ, ಬಿಳಿ ಹತ್ತಿಯ ಕೈಗವಸು. ಬೆಳಿಗ್ಗೆ ಒಳಗೆ ಹೋದವನು ಸಂಜೆ ಹೊರಗೆ ಬಂದಾಗ ಡಬ್ಲಿನ್ನಿನಲ್ಲಿ ಮಳೆ ಬಂದಿತ್ತೋ ಬಿಸಿಲಿತ್ತೋ ಗೊತ್ತಿರುತ್ತಿರಲಿಲ್ಲ. ಇಲ್ಲಿ ಮಳೆ ಬಂದಿತ್ತು ಎಂದುಕೊಂಡರೆ ಸಾಮಾನ್ಯವಾಗಿ ತಪ್ಪಾಗುವುದಿಲ್ಲ.

ನಾನು ಮೈಸೂರಿನವನು. ಮದ್ರಾಸಿನ ಒಂದು ಸಿನಿಮಾ ಲ್ಯಾಬಿನಲ್ಲಿ ನೆಗೆಟಿವ್ ಕತ್ತರಿಸಿ ಅಂಟಿಸುವ ಕೆಲಸ ಕಲಿತೆ. ಲ್ಯಾಬು ಮುಚ್ಚುವ ಹೊತ್ತಿಗೆ ನನ್ನ ಹೆಂಡತಿ ವಿನೋದಾಗೆ ಇಲ್ಲಿನ ಆಸ್ಪತ್ರೆಯಲ್ಲಿ ನರ್ಸ್ ಕೆಲಸ ಸಿಕ್ಕಿತು. ನಾನು ಅವಳ ಹಿಂದೆ ಬಂದೆ. ಒಂದು ವರ್ಷ ಮಗಳನ್ನು ಶಾಲೆಗೆ ಬಿಟ್ಟು, ಅನ್ನ ಮಾಡಿ, ಕಿಟಕಿ ನೋಡಿಕೊಂಡಿದ್ದೆ. ಆಮೇಲೆ ಹಳೆಯ ಚಲನಚಿತ್ರಗಳನ್ನು ಕಾಪಾಡಿ ಇಡುವ ಸಂಗ್ರಹಾಲಯವೊಂದಕ್ಕೆ ಕೈಕೆಲಸ ಬಲ್ಲವರು ಬೇಕಾಗಿದ್ದಾರೆ ಎಂದು ತಿಳಿದು ಹೋದೆ. ಅಲ್ಲಿನ ಮೇಲಧಿಕಾರಿ ಮೋರೀನ್ ಎಂಬ ಹೆಂಗಸು. ನನ್ನ ಮುಂದೆ ಹರಿದ ಫಿಲ್ಮಿನ ಒಂದು ಮೊಳ ಇಟ್ಟು, "ಜೋಡಿಸು" ಎಂದರು. ಜೋಡಿಸಿದೆ. ಬೆಳಕಿಗೆ ಹಿಡಿದು ನೋಡಿ, "ಗ್ರ್ಯಾಂಡ್. ಸೋಮವಾರ ಬಾ" ಎಂದರು. ಸಂದರ್ಶನ ಅಷ್ಟೇ. (ಇಲ್ಲಿ ಇವರ ಇಂಗ್ಲಿಷನ್ನೆಲ್ಲ ನನ್ನ ಕನ್ನಡದಲ್ಲೇ ಬರೆಯುತ್ತಿದ್ದೇನೆ. ಗ್ರ್ಯಾಂಡ್ ಒಂದನ್ನು ಮಾತ್ರ ಕನ್ನಡ ಮಾಡಲು ನನಗೆ ಈವರೆಗೂ ಆಗಿಲ್ಲ. ಅದರಲ್ಲಿ ಸರಿ, ಪರವಾಗಿಲ್ಲ, ಸಾಕು, ಬಾಯಿ ಮುಚ್ಚು, ಎಲ್ಲ ಇದೆ.)

ಎರಡನೇ ವರ್ಷ ಒಂದು ಹಳೆಯ ದೊಡ್ಡ ಮನೆಯ ಅಟ್ಟದಿಂದ ನಲವತ್ತು ಡಬ್ಬಗಳು ಬಂದವು. ಆ ಮನೆಯ ಕ್ಯಾಪ್ಟನ್ ಒಬ್ಬರು ಮೂಕಿ ಚಿತ್ರಗಳ ಕಾಲದಲ್ಲಿ ಆಫ್ರಿಕಕ್ಕೂ ನಮ್ಮ ಮೈಸೂರು ಸೀಮೆಯ ಕಾಡಿಗೂ ದೊಡ್ಡ ಬೇಟೆಗೆ ಹೋಗಿದ್ದರು. ಹೋಗುವಾಗ ಸಂಬಳ ಕೊಟ್ಟು ಒಬ್ಬ ಕ್ಯಾಮೆರಾದವನನ್ನು ಜೊತೆಗೆ ಕರೆದೊಯ್ದಿದ್ದರು. ತಿರುಗಿ ಬಂದ ಮೇಲೆ ಆ ಚಿತ್ರಗಳನ್ನು ಟಿಕೆಟ್ ಇಟ್ಟು ಊರೂರಲ್ಲಿ ತೋರಿಸಿದ್ದರು. ಸಾಕ್ಷ್ಯಚಿತ್ರ ಎಂದು ನಾವು ಈಗ ಕರೆಯುವ ವಸ್ತು ಹುಟ್ಟಿದ್ದರಲ್ಲಿ ಇಂಥ ಬೇಟೆಯ ಚಿತ್ರಗಳ ಪಾಲೂ ಇದೆ. ಡಬ್ಬಗಳಲ್ಲಿ ಅರ್ಧ ನೈಟ್ರೇಟ್ ಫಿಲ್ಮು. ಪೆಟ್ರೋಲಿನಂತೆ ಹೊತ್ತಿಕೊಳ್ಳುವ ಪದಾರ್ಥ ಅದು, ಹಾಗಾಗಿ ಅದನ್ನು ಬೇರೆಯೇ ತಣ್ಣನೆಯ ಕೋಣೆಯಲ್ಲಿ ಇಡಬೇಕು. ಆ ನಲವತ್ತು ಡಬ್ಬ ನನ್ನ ಪಾಲಿಗೆ ಬಂದವು. ಬೇರೆ ಕೆಲಸಗಳ ನಡುವೆ ಅವನ್ನು ಮುಗಿಸಲು ನನ್ನ ವೃತ್ತಿಯ ಬಹುಪಾಲು ಹಿಡಿಯಿತು.

ಮೊದಲ ಎಡವಟ್ಟು ಹೇಳಿಬಿಡುತ್ತೇನೆ. ಆಗಿನ ಕ್ಯಾಮೆರಾವನ್ನು ಕೈಯಲ್ಲಿ ತಿರುವುತ್ತಿದ್ದರು, ಸೆಕೆಂಡಿಗೆ ಹದಿನಾರು ಚಿತ್ರದ ಆಸುಪಾಸು. ಮಾತಿನ ಸಿನಿಮಾ ಓಡುವುದು ಇಪ್ಪತ್ನಾಲ್ಕರಲ್ಲಿ. ನಾನು ಮದ್ರಾಸಿನ ಅಭ್ಯಾಸದಲ್ಲಿ ಇಪ್ಪತ್ನಾಲ್ಕರಲ್ಲೇ ಓಡಿಸಿ ಒಂದು ಪ್ರದರ್ಶನಕ್ಕೆ ಕಳಿಸಿದೆ. ಹುಲಿ ಎಬ್ಬಿಸಲು ತಮಟೆ ಬಡಿಯುವವರು ಗೊಂಬೆಗಳಂತೆ ಕುಣಿದರು, ಆನೆ ಓಡಿತು, ಸಭೆ ಬಿದ್ದು ಬಿದ್ದು ನಕ್ಕಿತು. ನಾನೂ ನಕ್ಕೆ. ಮೋರೀನ್ ನಗಲಿಲ್ಲ. ಮಾರನೆಯ ದಿನ ಅದೇ ರೀಲನ್ನು ಹದಿನಾರರಲ್ಲಿ ಓಡಿಸಿ ನನ್ನನ್ನು ಕೂರಿಸಿದರು. ಅದೇ ಜನ ನಿಧಾನವಾಗಿ, ಭಾರ ಹೊತ್ತವರು ನಡೆಯುವ ಹಾಗೆ ನಡೆದರು. ಅವರ ಕಾಲು ಸೋತಿರುವುದು ಕಂಡಿತು. ನನಗೆ ನಾಚಿಕೆಯಾಯಿತು. ಹಳೆಯ ಚಿತ್ರದಲ್ಲಿ ಯಾರಾದರೂ ತಮಾಷೆಯಾಗಿ ಕಂಡರೆ ಮೊದಲು ವೇಗ ನೋಡಿ.

ಬೇಟೆಯ ಚಿತ್ರ ತೆಗೆಯುವುದು ಎಂದರೆ ಹುಲಿ ಬಂತು, ದೊರೆ ಕೋವಿ ಎತ್ತಿದ, ಹುಲಿ ಬಿತ್ತು, ಕ್ಯಾಮೆರಾ ಎಲ್ಲವನ್ನೂ ಕಂಡಿತು ಎಂದುಕೊಳ್ಳಬೇಡಿ. ಕ್ಯಾಮೆರಾ ಮರದ ಪೆಟ್ಟಿಗೆ, ಮೂರು ಕಾಲಿನ ಮೇಲೆ ಕೂರಬೇಕು, ಬೆಳಕು ಬೇಕು. ಹುಲಿಗೆ ಇದ್ಯಾವುದರ ಗೊಡವೆಯೂ ಇಲ್ಲ. ಹಾಗಾಗಿ ಹುಲಿಯನ್ನು ಒಂದು ದಿನ, ದೊರೆಯನ್ನು ಇನ್ನೊಂದು ದಿನ ತೆಗೆದು ಆಮೇಲೆ ಸೇರಿಸುತ್ತಿದ್ದರು. ಒಂದೇ ಹುಲಿ ಮೂರು ಡಬ್ಬಗಳಲ್ಲಿ ಮೂರು ಸಲ ಸತ್ತಿರುವುದನ್ನು ಅದರ ಕೆನ್ನೆಯ ಪಟ್ಟೆಗಳಿಂದ ನಾನು ಗುರುತಿಸಿದೆ. ಒಂದು ಚಿರತೆ ಪೊದೆಯಿಂದ ಹಾರುವ ದೃಶ್ಯದಲ್ಲಿ ಅದರ ಹಿಂಗಾಲಿಗೆ ಕಟ್ಟಿದ ಹಗ್ಗ ಭೂತಗನ್ನಡಿಯಲ್ಲಿ ಸ್ಪಷ್ಟವಾಗಿ ಕಾಣುತ್ತದೆ. ಇನ್ನೊಂದರಲ್ಲಿ ನಮ್ಮ ತಮಟೆಯವರು ಲಂಟಾನ ಪೊದೆ ಬಡಿಯುತ್ತಾರೆ, ಮರುಕ್ಷಣ ಓಡಿಬರುವುದು ಆಫ್ರಿಕದ ಪಟ್ಟೆಕುದುರೆ. ಅದನ್ನು ಮೋರೀನ್‌ಗೆ ತೋರಿಸಿ, "ನಮ್ಮೂರಲ್ಲಿ ಇದು ಸಾಕುಪ್ರಾಣಿ" ಎಂದೆ. ಒಂದು ನಿಮಿಷ ನಂಬಿದರು.

ಇನ್ನು ತುಟಿಗಳ ವಿಷಯ.

ಒಂದು ದಿನ ಆರನೆಯ ಡಬ್ಬದ ರೀಲನ್ನು ಒರೆಸುತ್ತ ನಿಧಾನವಾಗಿ ತಿರುಗಿಸುತ್ತಿದ್ದೆ. ಮರದ ಮೇಲಿನ ಅಟ್ಟಣಿಗೆಯ ಕೆಳಗೆ ಇಬ್ಬರು ಆಳುಗಳು ಕೂತಿದ್ದಾರೆ. ಒಬ್ಬ ಇನ್ನೊಬ್ಬನ ಕಡೆ ತಿರುಗಿ ಏನೋ ಹೇಳುತ್ತಾನೆ. ನನ್ನ ಕೈ ತಾನೇ ನಿಂತಿತು. ಹಿಂದಕ್ಕೆ ತಿರುಗಿಸಿ ಮತ್ತೆ ನೋಡಿದೆ. "ಹೊಟ್ಟೆ ಹಸಿತದೆ ಕನ್ಲಾ." ಸಂಶಯವೇ ಇಲ್ಲ. ನನ್ನ ಅಜ್ಜಿಯ ಊರಿನ ಮಾತು. ಸದ್ದಿಲ್ಲ, ಆದರೆ ಕನ್ನಡ.

ಆ ಸಂತೋಷವನ್ನು ಹೇಗೆ ಹೇಳಲಿ. ಆ ವರ್ಷಗಳಲ್ಲಿ ವಿನೋದಾಗೆ ಒಂದು ವಾರ ಹಗಲು, ಒಂದು ವಾರ ರಾತ್ರಿ ಪಾಳಿ. ನಾನು ಮನೆಗೆ ಬಂದರೆ ಅವಳು ಹೊರಟಿರುತ್ತಿದ್ದಳು, ಇಲ್ಲವೇ ಮಲಗಿರುತ್ತಿದ್ದಳು. ಮಗಳಿಗೆ ನಾನು ಹೇಳಿದ್ದೆಲ್ಲ ಅರ್ಥವಾಗುತ್ತಿತ್ತು, ಉತ್ತರ ಮಾತ್ರ ಐರಿಷ್ ಎಳೆತದ ಇಂಗ್ಲಿಷಿನಲ್ಲಿ. ಬಸ್ಸಿನಲ್ಲಿ, ಕೆಲಸದಲ್ಲಿ, ಅಂಗಡಿಯಲ್ಲಿ ಕನ್ನಡ ಇಲ್ಲ. ಇಂಥದ್ದರಲ್ಲಿ ಒಂದು ತಣ್ಣನೆಯ ಕೋಣೆಯಲ್ಲಿ ಇಪ್ಪತ್ತು ಮೂವತ್ತು ಜನ ನನ್ನ ಭಾಷೆಯವರು ಸಿಕ್ಕಿದರು. ಅವರ ಮಾತು ಕೇಳಲು ನಾನು ಅರ್ಧ ಗಂಟೆ ಮುಂಚೆ ಬರುವ ಬಸ್ಸು ಹಿಡಿಯತೊಡಗಿದೆ. ಮೋರೀನ್ ಅದನ್ನು ಶ್ರದ್ಧೆ ಎಂದುಕೊಂಡು ಮೆಚ್ಚಿದರು. ನಾನು ತಿದ್ದಲಿಲ್ಲ.

ಏನೆಲ್ಲ ಮಾತಾಡುತ್ತಿದ್ದರು ಅವರು. ದೃಶ್ಯಗಳ ನಡುವೆ ಬರುವ ಅಕ್ಷರದ ಹಲಗೆಯಲ್ಲಿ "ನಮ್ಮ ನಂಬಿಕಸ್ಥ ಸೇವಕರು" ಎಂದು ಇಂಗ್ಲಿಷಿನಲ್ಲಿ ಬರುತ್ತದೆ. ಹಿಂದೆಯೇ ಒಬ್ಬ ನಂಬಿಕಸ್ಥ ಸೇವಕ ಕ್ಯಾಮೆರಾಕ್ಕೆ ಹಲ್ಲು ಕಿರಿದು "ಇವನ ಮನೆ ಹಾಳಾಗ, ಇನ್ನೂ ಎಷ್ಟೊತ್ತು ನಿಲ್ಲುಸ್ತಾನೋ" ಎನ್ನುತ್ತಾನೆ. ಮನೆಗೆ ಹೋಗಿ ವಿನೋದಾಗೆ ಹೇಳಿದರೆ ನಕ್ಕಳು. "ನನ್ ಜೊತೆ ಮಾತಾಡಕ್ಕೆ ಟೈಮಿಲ್ಲ, ಸತ್ತೋರ ಜೊತೆ ಹರಟೆ ಹೊಡ್ಕೊಂಡ್ ಬರ್ತೀರಿ" ಎಂದು ಕುಟುಕಿದಳು. ಸುಳ್ಳೇನಲ್ಲ ಅದು.

ನಾನು ಓದಿದ ಮಾತುಗಳನ್ನು ಸಂಗ್ರಹದ ಪಟ್ಟಿಯ ಕಾರ್ಡುಗಳಲ್ಲಿ ಬರೆಯಲು ಮೋರೀನ್ ಒಪ್ಪಿದರು. ಯಾವ ದೃಶ್ಯ, ಯಾರು, ಏನು ಹೇಳುತ್ತಾರೆ, ಇಂಗ್ಲಿಷಿನಲ್ಲಿ ಅದರ ಅರ್ಥ, ಕೊನೆಗೆ ನನ್ನ ಸಹಿ. ಆ ಮೊದಲು ಆ ಜನರ ಹೆಸರಿನ ಜಾಗದಲ್ಲಿ "ಆಳುಗಳು" ಎಂದಷ್ಟೇ ಇತ್ತು. ನನಗೆ ಸ್ವಲ್ಪ ತಲೆ ತಿರುಗಿತು. ಐರ್ಲೆಂಡಿನಲ್ಲಿ ಇದನ್ನು ಮಾಡಬಲ್ಲವನು ನಾನೊಬ್ಬನೇ ಎಂಬ ಜಂಬ. ತಿದ್ದುವವರು ಯಾರೂ ಇಲ್ಲದ ಜಾಣತನಕ್ಕಿಂತ ಅಪಾಯದ್ದು ಇನ್ನೊಂದಿಲ್ಲ.

ಹನ್ನೊಂದನೆಯ ಡಬ್ಬದ ಚಿತ್ರ ಹೀಗಿದೆ. ಸತ್ತ ಹುಲಿ ನೆಲದ ಮೇಲೆ ಬಿದ್ದಿದೆ, ಸುತ್ತ ಜನ. ಅದಕ್ಕೆ ಮುಂಚೆ ಹಲಗೆಯಲ್ಲಿ, ಹುಲಿಯ ಗಾತ್ರ ಕಂಡು ಕಾಡುಜನರಿಗೆ ವಿಸ್ಮಯ ಎಂದು ಬರೆದಿದೆ. ಬಲಗಡೆಯಿಂದ ಮೂವತ್ತರ ಆಸುಪಾಸಿನ ಒಬ್ಬ ಗಂಡಸು, ದಪ್ಪ ಮೀಸೆ, ತಲೆವಸ್ತ್ರ ಬಿಚ್ಚಿ ಭುಜಕ್ಕೆ ಬಿದ್ದಿದೆ, ಓಡಿಬರುತ್ತಾನೆ. ಬಾಯಿ ಅಗಲವಾಗಿ ತೆರೆಯುತ್ತದೆ, ತುಟಿ ಒತ್ತಿ ಮುಚ್ಚುತ್ತದೆ, ಮತ್ತೆ ತೆರೆಯುತ್ತದೆ. ಅಲ್ಲಿಗೆ ಚಿತ್ರ ಕತ್ತರಿಸಿ, ಮುಂದೆ ಕ್ಯಾಪ್ಟನ್ ಹುಲಿಯ ಮೇಲೆ ಕಾಲಿಟ್ಟು ನಿಂತಿದ್ದಾರೆ. ನಾನು ಕಾರ್ಡಿನಲ್ಲಿ ಬರೆದೆ: "ಅಬ್ಬಾ. ಆಶ್ಚರ್ಯದ ಉದ್ಗಾರ."

ಆ ಕಾರ್ಡಿಗೆ ಬಂದ ಭಾಗ್ಯ ನನ್ನ ಬೇರೆ ಯಾವ ಕೆಲಸಕ್ಕೂ ಬರಲಿಲ್ಲ. ಆ ಮುಖವನ್ನು ಆಳೆತ್ತರಕ್ಕೆ ದೊಡ್ಡದು ಮಾಡಿ ನಮ್ಮ ಪ್ರದರ್ಶನ ಕೋಣೆಯ ಗೋಡೆಗೆ ಹಾಕಿದರು. ಕೆಳಗೆ ಇಂಗ್ಲಿಷಿನಲ್ಲಿ "ವಿಸ್ಮಯ" ಎಂದು. ಶಾಲೆಯ ಮಕ್ಕಳು ಅದರ ಮುಂದೆ ನಿಂತು ಬಾಯಿ ತೆರೆದು ಫೋಟೋ ತೆಗೆಸಿಕೊಂಡರು. ಕಚೇರಿಯಲ್ಲಿ ಅಬ್ಬಾ ನಮ್ಮೆಲ್ಲರ ಮಾತಾಯಿತು. ಯಾರಾದರೂ ಬಿಸ್ಕತ್ತು ತಂದರೆ ಅಬ್ಬಾ, ಬಸ್ಸು ಸಮಯಕ್ಕೆ ಬಂದರೆ ಅಬ್ಬಾ. ಪಕ್ಕದ ಕೋಣೆಯ ಡೆಕ್ಲನ್ ಅಂತೂ ಬೆಳಿಗ್ಗೆ ನನ್ನನ್ನು ಕಂಡರೆ ಗುಡ್ ಮಾರ್ನಿಂಗ್ ಬದಲು ಅದನ್ನೇ ಹೇಳುತ್ತಿದ್ದ. ನನಗೂ ಖುಷಿ. ಇಷ್ಟು ಜನ ಐರಿಷರ ಬಾಯಲ್ಲಿ ಒಂದು ಕನ್ನಡದ ಪದ ಇಟ್ಟೆನಲ್ಲ ಎಂದು.

ಹೀಗೆ ಹತ್ತು ವರ್ಷಕ್ಕಿಂತ ಹೆಚ್ಚು ಕಳೆಯಿತು. ಕಾರ್ಡು ಹೋಗಿ ಕಂಪ್ಯೂಟರ್ ಬಂತು. ರೀಲುಗಳನ್ನು ಒಂದೊಂದೇ ಚಿತ್ರವಾಗಿ ಸ್ಕ್ಯಾನ್ ಮಾಡುವ ಯಂತ್ರ ಬಂತು, ಅದು ಡೆಕ್ಲನ್‌ನ ಪಾಲಿನದು. ನಾನು ಮೊದಮೊದಲು ಆ ಯಂತ್ರವನ್ನು ಬಯ್ದೆ. ಕೈಯಲ್ಲಿ ತಿರುಗಿಸುವಾಗ ಫಿಲ್ಮಿನ ಅಂಚಿನ ಗಾಯಗಳು ಬೆರಳಿಗೆ ತಿಳಿಯುತ್ತವೆ, ಯಂತ್ರಕ್ಕೆ ಏನು ತಿಳಿಯುತ್ತದೆ ಎಂದು. ಕೊನೆಗೆ ನನ್ನ ಬೆರಳಿಗೆ ತಪ್ಪಿದ್ದನ್ನು ಆ ಯಂತ್ರವೇ ಹಿಡಿಯಿತು.

ನಲವತ್ತನೆಯ ಡಬ್ಬದಲ್ಲಿ ಬರೀ ತುಂಡುಗಳಿದ್ದವು. ಕ್ಯಾಮೆರಾದವನು ಕತ್ತರಿಸಿ ಬಿಟ್ಟ, ಎಲ್ಲಿಗೂ ಸೇರದ ಚೂರುಗಳು. ಗುರುತು ಸಿಗದವು ಎಂದು ಚೀಟಿ ಅಂಟಿಸಿ ನಾನೇ ಅದನ್ನು ಹಿಂದಕ್ಕೆ ತಳ್ಳಿದ್ದೆ. ಡೆಕ್ಲನ್ ಅವನ್ನೆಲ್ಲ ಸ್ಕ್ಯಾನ್ ಮಾಡಿದ. ಒಂದು ಬೆಳಿಗ್ಗೆ ನನ್ನ ಕೋಣೆಯ ಬಾಗಿಲಲ್ಲಿ ನಿಂತು, "ರಾಜ್, ನಿನ್ನ ಅಬ್ಬಾ ಮನುಷ್ಯ ಇನ್ನೊಂದು ಕಡೆನೂ ಇದಾನೆ" ಎಂದ. ನನ್ನ ಹೆಸರು ನಾಗರಾಜ. ಇಲ್ಲಿ ಅರ್ಧ ಮಾತ್ರ ಉಳಿದಿದೆ.

ಹೋಗಿ ನೋಡಿದೆ. ಹನ್ನೊಂದನೆಯ ಡಬ್ಬದಲ್ಲಿ ಎಲ್ಲಿ ಕತ್ತರಿಸಿತ್ತೋ ಅಲ್ಲಿಂದ ಮುಂದಿನ ತುಂಡು ಅದು. ಅಂಚಿನ ಗೀರು ಕೂಡ ಒಂದಕ್ಕೊಂದು ಸೇರಿತು. ಓಡಿಬಂದವನು ಹುಲಿಯ ಹತ್ತಿರ ನಿಲ್ಲುವುದಿಲ್ಲ. ಅದನ್ನು ದಾಟಿ ಎಡಕ್ಕೆ ಓಡುತ್ತಾನೆ. ಕ್ಯಾಮೆರಾದವನು ಅವನ ಹಿಂದೆ ಕ್ಯಾಮೆರಾ ತಿರುಗಿಸುತ್ತಾನೆ. ಅಲ್ಲಿ ನೆಲದ ಮೇಲೆ ಒಬ್ಬ ಮುದುಕ ಬಿದ್ದಿದ್ದಾನೆ, ಎದೆಯ ಮೇಲೆ ಕಂಬಳಿ, ಕಂಬಳಿ ಒದ್ದೆಯಾಗಿದೆ. ಪಕ್ಕದಲ್ಲಿ ಒಂದು ತಮಟೆ. ಓಡಿಬಂದವನು ಮಂಡಿಯೂರಿ ಮುದುಕನ ತಲೆ ಎತ್ತಿಕೊಳ್ಳುತ್ತಾನೆ. ಅದೇ ರೀತಿ ಬಾಯಿ ತೆರೆದು, ಮುಚ್ಚಿ, ತೆರೆಯುತ್ತಾನೆ. ಆಮೇಲೂ ಏನೋ ಹೇಳುತ್ತಿದ್ದಾನೆ, ಮುಖ ಅರ್ಧ ಆಚೆಗಿದೆ. ಅಷ್ಟರಲ್ಲಿ ಯಾರದೋ ಅಂಗೈ ಬಂದು ಕ್ಯಾಮೆರಾದ ಕಣ್ಣು ಮುಚ್ಚುತ್ತದೆ.

ಕನ್ನಡ ಬಲ್ಲವರು ಒಮ್ಮೆ ಕನ್ನಡಿಯ ಮುಂದೆ ನಿಂತು ಸದ್ದಿಲ್ಲದೆ ಹೇಳಿ ನೋಡಿ. ಅಬ್ಬ. ಅಮ್ಮ. ಅಪ್ಪ. ಮೂರಕ್ಕೂ ತುಟಿ ಒಂದೇ ರೀತಿ ಮುಚ್ಚಿ ತೆರೆಯುತ್ತದೆ. ನನಗೆ ಇದು ಗೊತ್ತಿರಲಿಲ್ಲವೆ? ಗೊತ್ತಿತ್ತು. ಹಲಗೆಯಲ್ಲಿ ವಿಸ್ಮಯ ಎಂದು ಇದ್ದದ್ದನ್ನು ಓದಿ, ಅದಕ್ಕೆ ಹೊಂದುವ ಪದವನ್ನು ಆರಿಸಿದೆ. ದೊರೆಗಳು ಬರೆದದ್ದನ್ನು ನಂಬಿ ನನ್ನವನ ಬಾಯಿಗೆ ಮಾತು ತುರುಕಿದೆ. ಹಳೆಯ ತುಂಡನ್ನು ಮತ್ತೆ ನೋಡಿದರೆ ಅವನ ಕಣ್ಣು ಒಂದು ಸಲವೂ ಹುಲಿಯ ಕಡೆ ಹೋಗಿಲ್ಲ. ಹತ್ತು ವರ್ಷ ಗೋಡೆಯ ಮೇಲೆ ಆಳೆತ್ತರ ಇದ್ದ ಮುಖ. ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎನ್ನುತ್ತಾರೆ. ನಾನು ತುಟಿ ನೋಡಿದೆ, ಕಣ್ಣು ನೋಡಲಿಲ್ಲ.

ಅವನ ತಂದೆ ಸಾಯುತ್ತಿರುವಾಗ ಅವನು ಕೂಗಿದ್ದನ್ನು ಹೇಳಿಕೊಂಡು ನಾವು ಬಿಸ್ಕತ್ತು ತಿಂದಿದ್ದೆವು.

ಮೋರೀನ್ ಬಳಿ ಹೋಗಿ ಹೇಳಿದೆ. ಅವರು ಎರಡು ಸಲ ನೋಡಿದರು. ಮುಖ ಬಿಳಿಚಿಕೊಂಡಿತು. ಆದರೂ ಅವರು ಕೇಳಿದ್ದು ಸರಿಯಾದ ಪ್ರಶ್ನೆ: "ರಾಜ್, ನೀನು ಆಗ ಅಬ್ಬಾ ಅಂತ ಇಷ್ಟೇ ಖಂಡಿತವಾಗಿ ಹೇಳಿದ್ದೆ. ಈಗ ಅಪ್ಪ ಅಂತೀಯ. ನಾನು ಯಾವ ರಾಜ್‌ನ ನಂಬಲಿ?"

"ಈಗಿನವನನ್ನ."

"ನೀನು ಬೇಜಾರಲ್ಲಿದೀಯ. ಬೇಜಾರಲ್ಲಿರೋರು ಪಟ್ಟಿ ತಿದ್ದಬಾರದು. ಇನ್ನೊಬ್ಬರು ಓದಲಿ. ಏನೂ ಹೇಳದೆ ತೋರಿಸೋಣ. ಅವರೂ ಅದನ್ನೇ ಹೇಳಿದರೆ ತಿದ್ದೋಣ, ಗೋಡೆಯಿಂದಲೂ ತೆಗೆಯೋಣ. ಇಲ್ಲದಿದ್ದರೆ ಇಲ್ಲ."

ಸ್ವೋರ್ಡ್ಸ್‌ನ ನಮ್ಮವರಲ್ಲಿ ಇಬ್ಬರನ್ನು ಕೇಳಿದೆ, ಇಬ್ಬರೂ ಬೆಂಗಳೂರಿನವರು, ಸಾಫ್ಟ್‌ವೇರ್. ಒಳ್ಳೆಯ ಹುಡುಗರು, ರಜೆ ಹಾಕಿ ಬಂದರು. ಒಬ್ಬ "ಏನೋ ಅಮ್ಮ ಅಂದಂಗಿದೆ ಸರ್" ಎಂದ. ಇನ್ನೊಬ್ಬ "ಹಬ್ಬ ಇರ್ಬೋದಾ?" ಎಂದ. ಮೋರೀನ್ ಇಬ್ಬರಿಗೂ ಟೀ ಕೊಟ್ಟು ಕಳಿಸಿದರು. ಆಗ ವಿನೋದಾ ಒಂದು ಮಾತು ಹೇಳಿದಳು. "ಕಿವಿ ಇರೋರ್ನ ಯಾಕ್ ಕೇಳ್ತೀರಿ? ತುಟಿ ಓದಿ ಬದುಕಿರೋರ್ನ ಕೇಳಿ." ಅವಳ ಪರಿಚಯದ ಸವಿತಾ ಎಂಬ ಹುಡುಗಿ ದೇಶದ ಆ ಬದಿಯ ಗಾಲ್ವೇ ಊರಿನ ಪಾರ್ಕ್‌ಮೋರ್‌ನಲ್ಲಿ ಆಸ್ಪತ್ರೆಯ ಉಪಕರಣ ತಯಾರಿಸುವ ಕಂಪನಿಯೊಂದರಲ್ಲಿದ್ದಳು. ಅವಳ ತಾಯಿ ಪುಟ್ಟತಾಯಮ್ಮ, ನಂಜನಗೂಡಿನ ಕಡೆಯವರು, ಮೊಮ್ಮಗುವನ್ನು ನೋಡಿಕೊಳ್ಳಲು ಬಂದಿದ್ದರು. ಅವರಿಗೆ ಇಪ್ಪತ್ತರ ವಯಸ್ಸಿನಲ್ಲಿ ಜ್ವರ ಬಂದು ಕಿವಿ ಪೂರ್ತಿ ಹೋಗಿತ್ತು. ಅಂದಿನಿಂದ ಜನರ ಮುಖ ನೋಡಿಯೇ ಸಂಸಾರ ಮಾಡಿದವರು.

ಶನಿವಾರ ತಾಯಿ ಮಗಳು ಗಾಲ್ವೇ ಬಸ್ಸಿನಲ್ಲಿ ಬಂದರು. ಸ್ವೆಟರಿನ ಮೇಲೆ ಸೀರೆಯ ಸೆರಗು, ಅದರ ಮೇಲೆ ಮಳೆಯ ಕೋಟು. ನಾನು ನಮಸ್ಕಾರ ಮಾಡಿ, "ಪ್ರಯಾಣ ಆರಾಮಾಗಿತ್ತಾ ಅಮ್ಮ?" ಎಂದೆ. ಅವರು ನನ್ನ ಮುಖವನ್ನೇ ನೋಡಿ ಮಗಳ ಕಡೆ ತಿರುಗಿದರು. ಸವಿತಾ ಅದೇ ಮಾತನ್ನು ಬಾಯಿ ತೆರೆದು ಇನ್ನೊಮ್ಮೆ ಹೇಳಿದಳು. ಆಮೇಲೆ ಉತ್ತರ ಬಂತು.

ದೊಡ್ಡ ಪರದೆಯ ಮುಂದೆ ಕೂರಿಸಿ, ಎರಡು ತುಂಡನ್ನೂ ಸೇರಿಸಿ, ಹದಿನಾರರ ವೇಗದಲ್ಲಿ ಓಡಿಸಿದೆವು. ಯಾರೂ ಏನೂ ಹೇಳಲಿಲ್ಲ. ಪುಟ್ಟತಾಯಮ್ಮ ಮುಂದಕ್ಕೆ ಬಾಗಿ ಕೂತರು. "ಇನ್ನೊಂದ್ ಕಿತ" ಎಂದರು. ಮೂರನೆಯ ಸಲ ಓಡುವಾಗ ಅವರ ತುಟಿಯೂ ಅವನ ಜೊತೆಗೆ ಅಲ್ಲಾಡಿತು.

"ಇಂವ ಅಪ್ಪಾ ಅಂತಾವ್ನೆ" ಎಂದರು.

ನಾನು ಅವರ ಎದುರಿಗೆ ಬಂದು ನಿಧಾನವಾಗಿ ಕೇಳಿದೆ, "ಅಬ್ಬಾ ಅಂತ ಇರ್ಬೋದಲ್ವಾ ಅಮ್ಮ? ತುಟಿ ಒಂದೇ ಥರ ಅಲ್ವಾ?"

"ತುಟಿಗೆ ಎಲ್ಲಾ ಒಂದೇಯ. ನಾನು ತುಟೀಲಿ ತಿಳ್ಕೊಳೋದು ಅರ್ಧವ. ಮಿಕ್ಕಿದ್ದು ಅವ್ರ ಕಣ್ಣು ಎತ್ತಗದೆ ಅಂತ ನೋಡ್ಬೇಕು. ಈ ಸತ್ತಿರೋ ಹುಲಿ ಅವ್ನಿಗೆ ಕಂಡೇ ಇಲ್ಲ." ಪರದೆಯ ಕಡೆ ಕೈ ತೋರಿಸಿ, "ಆಮೇಲಿಂದು ನಿಮ್ಗೆ ಸಿಕ್ನಿಲ್ವಾ?" ಎಂದರು.

"ಇಲ್ಲಮ್ಮ, ಮುಖ ಆಚೆಗಿದೆ."

"ದವಡೆ ಕಾಣ್ತದಲ್ಲ." ಅವರ ದನಿ ಏರಿಳಿತವಿಲ್ಲದ್ದು, ತಮ್ಮ ದನಿಯನ್ನೇ ಐವತ್ತು ವರ್ಷ ಕೇಳದವರದು. ಅದೇ ದನಿಯಲ್ಲಿ ಹೇಳಿದರು. "ಏಳಪ್ಪ ಅಂತಾನೆ. ನನ್ ಬೆನ್ ಮ್ಯಾಲೆ ಕೂತ್ಕೊ, ಮನೆಗೆ ಹೋಗಾಣ ಅಂತಾನೆ."

ಸವಿತಾ ಅದನ್ನು ಮೋರೀನ್‌ಗೆ ಇಂಗ್ಲಿಷಿನಲ್ಲಿ ಹೇಳಿದಳು. ಡೆಕ್ಲನ್ ಎದ್ದು ಹೊರಗೆ ಹೋದ. ಮೋರೀನ್ ತಮ್ಮ ಪುಸ್ತಕದಲ್ಲಿ ಬರೆದುಕೊಂಡು, ಪುಟ್ಟತಾಯಮ್ಮನ ಕೈಯನ್ನು ಎರಡೂ ಕೈಯಲ್ಲಿ ಹಿಡಿದು ಥ್ಯಾಂಕ್ಯೂ ಎಂದರು. ಪುಟ್ಟತಾಯಮ್ಮನಿಗೆ ತುಟಿಯಲ್ಲಿ ಆ ಒಂದು ಇಂಗ್ಲಿಷ್ ಪದ ಮಾತ್ರ ಓದಲು ಬರುತ್ತಿತ್ತು. ತಲೆಯಾಡಿಸಿದರು.

ಬಸ್ಸಿಗೆ ಇನ್ನೂ ಹೊತ್ತಿತ್ತು. "ಬ್ಯಾರೆವೂ ಅವೆಯಾ?" ಎಂದು ಕೇಳಿದರು. ಒಂದಾದ ಮೇಲೊಂದು ಹಾಕಿದೆ. ದೊರೆಯನ್ನು ಬಯ್ಯುವವನು ಬಂದಾಗ ಪುಟ್ಟತಾಯಮ್ಮ ಹೊಟ್ಟೆ ಹಿಡಿದುಕೊಂಡು ನಕ್ಕರು, ನಾನು ಕಾರ್ಡಿನಲ್ಲಿ ಬರೆಯದೆ ಬಿಟ್ಟ ಒಂದು ಬೈಗುಳವನ್ನೂ ಜೋರಾಗಿ ಹೇಳಿದರು. ಸವಿತಾ ತಲೆ ತಗ್ಗಿಸಿದಳು. "ಆರು ತಿಂಗ್ಳಾಯ್ತು ನಾನು ಇಲ್ಲಿಗೆ ಬಂದು. ಮನೆ ಬಿಟ್ಟು ಆಚೆಗೆ ಹೋದ್ರೆ ಒಬ್ರ ತುಟೀಲೂ ನಂಗೆ ಮಾತಿಲ್ಲ. ಎಲ್ಲಾ ಇಂಗ್ಲೀಸು. ಇವತ್ತು ಇಷ್ಟು ಜನ ಮಾತಾಡಿದ್ರು" ಎಂದರು. ನಾನು ಬೆಳಿಗ್ಗೆ ಅರ್ಧ ಗಂಟೆ ಮುಂಚಿನ ಬಸ್ಸು ಹಿಡಿಯುವುದು ಯಾಕೆಂದು ಯಾರಿಗೂ ಹೇಳಿರಲಿಲ್ಲ. ಅವರಿಗೆ ಹೇಳಿದೆ. ಅವರಿಗೆ ಅರ್ಥವಾಯಿತು, ಆದರೆ ಎರಡು ಸಲ ಹೇಳಬೇಕಾಯಿತು. ಹೊರಡುವಾಗ ನನ್ನ ಗಲ್ಲದ ಕಡೆ ಬೆರಳು ತೋರಿಸಿ, "ಒಂದ್ ಮಾತು ಹೇಳ್ತೀನಿ, ಬ್ಯಾಸರ ಮಾಡ್ಕಬ್ಯಾಡಿ. ಆ ಸತ್ತೋರ್ ಮಾತು ಸಲೀಸಾಗಿ ತಿಳೀತು. ನಿಮ್ದು ಕಷ್ಟ. ನೀವು ಬಾಯೇ ತೆಗೆಯಾಕಿಲ್ಲ" ಎಂದರು.

ಮುಂದಿನ ವಾರ ಪಟ್ಟಿ ತಿದ್ದಿದೆವು. ತಪ್ಪನ್ನು ಅಳಿಸಲು ನಾನು ಬಿಡಲಿಲ್ಲ. ಅಬ್ಬಾ ಎಂಬುದೂ ನನ್ನ ಹೆಸರೂ ಅಲ್ಲೇ ಇವೆ, ಕೆಳಗೆ ಸರಿಯಾದ ಓದು, ಅದರ ಕೆಳಗೆ ಪುಟ್ಟತಾಯಮ್ಮನ ಹೆಸರು. ಹೊಸದಾಗಿ ಬರುವವರು ಇದನ್ನು ನೆನಪಿಡಬೇಕು. ತಪ್ಪು ಓದು ಕೂಡ ಸಂಗ್ರಹದ ಭಾಗ, ಅದನ್ನು ಮುಚ್ಚಿಟ್ಟರೆ ಮುಂದಿನವರು ಅದೇ ಹಳ್ಳಕ್ಕೆ ಬೀಳುತ್ತಾರೆ. ಕ್ಯಾಮೆರಾದವನನ್ನೂ ನಾನು ಈಗ ಬಯ್ಯುವುದಿಲ್ಲ. ಆ ತುಂಡನ್ನು ಕತ್ತರಿಸಿದವನು ಅವನೇ ಇರಬೇಕು, ಆದರೆ ಎಸೆಯಲಿಲ್ಲ. ಗೋಡೆಯ ಚಿತ್ರ ತೆಗೆದರು. ಅದರ ಜಾಗದಲ್ಲಿ ಎರಡೂ ತುಂಡು ಸೇರಿಸಿ ಓಡುವ ಸಣ್ಣ ಪರದೆ ಬಂತು.

ಆಮೇಲೆ ಮೋರೀನ್‌ಗೆ ಒಂದು ಯೋಚನೆ ಬಂತು. ನೋಡಲು ಬಂದವರು ಗುಂಡಿ ಒತ್ತಿದರೆ ಆ ಪದ ಕೇಳಿಸಬೇಕು. "ನಿನ್ನ ದನಿಯಲ್ಲಿ ರಾಜ್. ಒಂದೇ ಪದ." ಒಳ್ಳೆಯ ಮನಸ್ಸಿನಿಂದಲೇ ಕೇಳಿದರು. ನಾನು ಆಗುವುದಿಲ್ಲ ಎಂದೆ. ಒಂದು ಸಲ ಅವನ ಬಾಯಿಗೆ ನನ್ನ ಪದ ಹಾಕಿದ್ದೇನೆ, ಈಗ ನನ್ನ ದನಿಯನ್ನೂ ಹಾಕಲಾರೆ, ಅವನು ಸದ್ದಿಲ್ಲದೆ ಕೂಗಿದ್ದಾನೆ, ಹಾಗೇ ಇರಲಿ ಎಂದೆ. ಹೇಳಿದ್ದೆಲ್ಲ ನಿಜ. ಹೇಳದ ಇನ್ನೊಂದಿತ್ತು. ನನಗೆ ಆ ಪದ ಹೇಳಲು ಭಯವಾಗಿತ್ತು. ನನ್ನ ಅಪ್ಪ ತೀರಿಕೊಂಡ ಸುದ್ದಿ ಬಂದಾಗ ನನ್ನ ವೀಸಾ ನವೀಕರಣದಲ್ಲಿ ಸಿಕ್ಕಿಕೊಂಡಿತ್ತು, ಹೋಗಲಾಗಲಿಲ್ಲ. ಫೋನಿನಲ್ಲಿ ಅಣ್ಣನಿಗೆ "ಆಯ್ತು, ಆಯ್ತು" ಎಂದಷ್ಟೇ ಹೇಳಿ, ಗವಸು ಹಾಕಿಕೊಂಡು ಮತ್ತೆ ಬೆಂಚಿಗೆ ಕೂತಿದ್ದೆ. ಆ ಪದವನ್ನು ಯಾರನ್ನೋ ಕರೆಯಲೆಂದು ಹೇಳಿ ಎಷ್ಟು ವರ್ಷವಾಗಿತ್ತೋ. ಮಗಳು ನನ್ನನ್ನು ಕರೆಯುವುದು ಡ್ಯಾಡ್ ಎಂದು.

ಮೋರೀನ್ ನನ್ನ ಮುಖ ನೋಡಿ, "ಗ್ರ್ಯಾಂಡ್" ಎಂದರು. ಮತ್ತೆ ಕೇಳಲಿಲ್ಲ.

ನಿವೃತ್ತಿಯ ದಿನ ಕೇಕು, ಕಾರ್ಡು, ಎರಡು ಭಾಷಣ ಆದವು. ಎಲ್ಲರೂ ಅವರವರ ಕೆಲಸಕ್ಕೆ ಹೋದ ಮೇಲೆ ಕೋಣೆಗೆ ಬಂದು ಬಾಗಿಲು ಹಾಕಿದೆ. ಹನ್ನೊಂದನೆಯ ಡಬ್ಬದ ಚಿತ್ರವನ್ನು ಹದಿನಾರರ ವೇಗದಲ್ಲಿ ಓಡಿಸಿದೆ. ಬಲಗಡೆಯಿಂದ ಅವನು ಓಡಿಬಂದ. ಅವನು ಬಾಯಿ ತೆರೆದಾಗ ನಾನೂ ತೆರೆದೆ. ಮೆಲ್ಲಗೆ ಹೇಳೋಣ ಎಂದುಕೊಂಡಿದ್ದೆ, ಹಾಗಾಗಲಿಲ್ಲ. ಇಷ್ಟು ವರ್ಷ ಒಳಗೇ ಇದ್ದ ಆ ಪದ ಕೂಗಾಗಿ ಹೊರಗೆ ಬಂತು. ನಾನು ಅತ್ತೆ.

ಪಕ್ಕದ ಕೋಣೆಯಿಂದ ಡೆಕ್ಲನ್ ಓಡಿಬಂದು ಬಾಗಿಲು ತಟ್ಟಿದ.

"ರಾಜ್, ಕರೆದ್ಯಾ?"

"ಹೌದು" ಎಂದೆ. "ನಿನ್ನನ್ನಲ್ಲ."